ಸಹಿಷ್ಣುತೆ ಪರೀಕ್ಷೆಗೆ ಹಾಜರಾಗುವ ಅಭ್ಯರ್ಥಿಗಳ ಮಾಹಿತಿಗಾಗಿ: ಮಾಂಸಖಂಡಗಳ ರಚನೆ, ಕಾರ್ಯ ಮತ್ತು ಹೊಂದಾಣಿಕೆ

ಪೀಠಿಕೆ

ಪೊಲೀಸ್, ಅಗ್ನಿಶಾಮಕ, ಅರಣ್ಯ, ವಿದ್ಯುತ್ ಮುಂತಾದ ಸೇವೆಗಳ ಕೆಲವು ಹುದ್ದೆಗಳಿಗೆ ಅರ್ಜಿ ಸಲ್ಲಿಸುವ ಅಭ್ಯರ್ಥಿಗಳು ದೇಹದಾರ್ಢ್ಯತೆ ಹಾಗೂ ಸಹಿಷ್ಣುತೆ ಪರೀಕ್ಷೆಗಳಲ್ಲಿ ಅರ್ಹತೆ ಪಡೆಯಬೇಕಾಗಿರುತ್ತದೆ. ರಾಜ್ಯದ ಪೊಲೀಸ್ ಕಾನ್‌ಸ್ಟೇಬಲ್ ನೇಮಕಾತಿಯ ಹಿಂದಿನ ಅಧಿಸೂಚನೆಗಳಲ್ಲಿ ಪುರುಷ ಅಭ್ಯರ್ಥಿಗಳಿಗೆ 1600 ಮೀಟರ್ ಓಟವನ್ನು 6 ನಿಮಿಷ 30 ಸೆಕೆಂಡುಗಳೊಳಗೆ, ಮಹಿಳಾ ಅಭ್ಯರ್ಥಿಗಳಿಗೆ 400 ಮೀಟರ್ ಓಟವನ್ನು 2 ನಿಮಿಷಗಳೊಳಗೆ ಮುಗಿಸಬೇಕೆಂದು ನಿಗದಿಪಡಿಸಲಾಗಿತ್ತು. ಇದರೊಂದಿಗೆ ಉದ್ದ ಜಿಗಿತ ಅಥವಾ ಎತ್ತರ ಜಿಗಿತ ಹಾಗೂ ಗುಂಡು ಎಸೆತವೂ ಇದ್ದವು. ಕಿರಿಯ ಪವರ್‌ಮ್ಯಾನ್ ಹುದ್ದೆಗೆ 8 ಮೀಟರ್ ಎತ್ತರದ ವಿದ್ಯುತ್ ಕಂಬ ಹತ್ತುವುದು ಕಡ್ಡಾಯವಾಗಿತ್ತು. ಅಭ್ಯರ್ಥಿಗಳು ತಾವು ಅರ್ಜಿ ಸಲ್ಲಿಸಿರುವ ಹುದ್ದೆಯ ಅಧಿಸೂಚನೆಯಲ್ಲಿರುವ ಮಾನದಂಡಗಳನ್ನೇ ಅಂತಿಮವೆಂದು ಪರಿಗಣಿಸತಕ್ಕದ್ದು.

ಅರ್ಜಿ ಸಲ್ಲಿಸಿದ ನಂತರ ಬಹಳಷ್ಟು ಅಭ್ಯರ್ಥಿಗಳು ಲಿಖಿತ ಪರೀಕ್ಷೆಯ ಸಿದ್ಧತೆಯಲ್ಲಿಯೇ ತೊಡಗಿ, ಮೈದಾನದ ಪರೀಕ್ಷೆಯ ಪ್ರವೇಶಪತ್ರ ಕೈಸೇರಿದ ಮೇಲೆ ಓಡಲು ಆರಂಭಿಸುತ್ತಾರೆ. ಪುಸ್ತಕವನ್ನು ಹದಿನೈದು ದಿನಗಳಲ್ಲಿ ಮತ್ತೊಮ್ಮೆ ತಿರುವಿಹಾಕಬಹುದು. ಮಾಂಸಖಂಡವನ್ನು ಹದಿನೈದು ದಿನಗಳಲ್ಲಿ ಸಿದ್ಧಗೊಳಿಸಲಾಗದು. 2024ರ ಆಗಸ್ಟ್ ಮತ್ತು ಸೆಪ್ಟೆಂಬರ್ ತಿಂಗಳುಗಳಲ್ಲಿ ಜಾರ್ಖಂಡ್ ರಾಜ್ಯದ ಅಬಕಾರಿ ಕಾನ್‌ಸ್ಟೇಬಲ್ ನೇಮಕಾತಿಯ ಸಂದರ್ಭದಲ್ಲಿ, 10 ಕಿಲೋಮೀಟರ್ ಓಟವನ್ನು ಒಳಗೊಂಡಿದ್ದ ದೈಹಿಕ ಪರೀಕ್ಷೆಗೆ ಹಾಜರಾದವರಲ್ಲಿ ಹತ್ತಕ್ಕೂ ಹೆಚ್ಚು ಯುವಕರು ಮೃತಪಟ್ಟು, ಪರೀಕ್ಷೆಯನ್ನು ತಾತ್ಕಾಲಿಕವಾಗಿ ಸ್ಥಗಿತಗೊಳಿಸಬೇಕಾಯಿತು. ಪ್ರತಿಯೊಂದು ಸಾವಿನ ಕಾರಣವನ್ನು ನಿರ್ಧರಿಸುವುದು ವೈದ್ಯರ ಕೆಲಸ. ಆದರೆ ಸಿದ್ಧಗೊಳ್ಳದ ದೇಹವನ್ನು ಒಂದೇ ಬೆಳಗ್ಗೆ ಅದರ ಮಿತಿಗೆ ದೂಡುವುದು ಅಪಾಯಕರವೆಂಬುದರಲ್ಲಿ ಸಂದೇಹವಿಲ್ಲ. ಈ ಹಿನ್ನೆಲೆಯಲ್ಲಿ ಮಾಂಸಖಂಡವೆಂದರೇನು, ಅದು ಹೇಗೆ ಕೆಲಸ ಮಾಡುತ್ತದೆ, ಅಭ್ಯಾಸಕ್ಕೆ ಹೇಗೆ ಮತ್ತು ಎಷ್ಟು ಕಾಲದಲ್ಲಿ ಹೊಂದಿಕೊಳ್ಳುತ್ತದೆ ಎಂಬುದನ್ನು ಇಲ್ಲಿ ವಿವರಿಸಲಾಗಿದೆ.

ಮಾಂಸಖಂಡದ ರಚನೆ

ಮಾನವ ದೇಹದಲ್ಲಿ ಎಲುಬುಗಳಿಗೆ ಅಂಟಿಕೊಂಡು, ನಮ್ಮ ಇಚ್ಛೆಗೆ ಒಳಪಟ್ಟು ಚಲಿಸುವ ಆರು ನೂರಕ್ಕೂ ಹೆಚ್ಚು ಮಾಂಸಖಂಡಗಳಿರುತ್ತವೆ. ವಯಸ್ಕ ಪುರುಷರಲ್ಲಿ ದೇಹತೂಕದ ಸುಮಾರು ಶೇ. 40ರಷ್ಟು ಭಾಗ ಇವುಗಳದೇ ಆಗಿರುತ್ತದೆ. ಮಹಿಳೆಯರಲ್ಲಿ ಈ ಪ್ರಮಾಣ ಸ್ವಲ್ಪ ಕಡಿಮೆ. ಹೃದಯದ ಮತ್ತು ಕರುಳಿನ ಸ್ನಾಯುಗಳು ಬೇರೆ ವರ್ಗಕ್ಕೆ ಸೇರಿದವು. ಅವುಗಳ ವಿಚಾರ ಇಲ್ಲಿ ಪ್ರಸ್ತುತವಲ್ಲ.

ಒಂದು ಮಾಂಸಖಂಡವನ್ನು ತೆಂಗಿನ ನಾರಿನ ಹಗ್ಗಕ್ಕೆ ಹೋಲಿಸಬಹುದು. ಹಗ್ಗವನ್ನು ಬಿಚ್ಚಿದರೆ ಎಳೆಗಳೂ, ಎಳೆಯನ್ನು ಬಿಚ್ಚಿದರೆ ನಾರುಗಳೂ ದೊರೆಯುವಂತೆ, ಮಾಂಸಖಂಡದೊಳಗೆ ತಂತುಗಳ ಕಟ್ಟುಗಳೂ ಕಟ್ಟಿನೊಳಗೆ ಸ್ನಾಯುತಂತುಗಳೂ ಇರುತ್ತವೆ. ಪ್ರತಿಯೊಂದು ತಂತುವೂ ಒಂದು ಜೀವಕೋಶ. ಕೂದಲೆಳೆಯಷ್ಟು ತೆಳುವಾಗಿದ್ದರೂ ಹಲವು ಸೆಂಟಿಮೀಟರ್ ಉದ್ದವಿರಬಲ್ಲ ಈ ಕೋಶದಲ್ಲಿ ಒಂದಲ್ಲ, ನೂರಾರು ಕೋಶಕೇಂದ್ರಗಳಿರುತ್ತವೆ. ತಂತುವಿನೊಳಗೆ ಇನ್ನೂ ಸೂಕ್ಷ್ಮವಾದ ಉಪತಂತುಗಳು ಉದ್ದಕ್ಕೂ ಹಾಸಿಕೊಂಡಿರುತ್ತವೆ. ಅವುಗಳಲ್ಲಿ ಸಾರ್ಕೋಮಿಯರ್ ಎಂಬ ಪುಟ್ಟ ಘಟಕಗಳು ರೈಲಿನ ಬೋಗಿಗಳಂತೆ ಒಂದರ ಹಿಂದೆ ಒಂದು ಜೋಡಣೆಗೊಂಡಿರುತ್ತವೆ. ಒಂದು ಸಾರ್ಕೋಮಿಯರ್‌ನ ಉದ್ದ ಒಂದು ಮಿಲಿಮೀಟರ್‌ನ ಸುಮಾರು ನಾಲ್ಕುನೂರನೆಯ ಒಂದು ಭಾಗ ಮಾತ್ರ.

ಮಾಂಸಖಂಡದ ತುದಿಗಳಲ್ಲಿ ಅದನ್ನು ಎಲುಬಿಗೆ ಬಿಗಿದಿಡುವ ಗಟ್ಟಿಯಾದ, ಬಿಳಿ ಬಣ್ಣದ ಸ್ನಾಯುರಜ್ಜು ಇರುತ್ತದೆ. ಹಿಮ್ಮಡಿಯ ಮೇಲ್ಭಾಗವನ್ನು ಬೆರಳುಗಳಿಂದ ಹಿಡಿದರೆ ಮೀನಖಂಡದ ರಜ್ಜು ಕೈಗೆ ಸಿಗುತ್ತದೆ. ಮಾಂಸಖಂಡಕ್ಕೆ ರಕ್ತದ ಪೂರೈಕೆ ಹೇರಳವಾಗಿದ್ದರೆ ರಜ್ಜುವಿಗೆ ಅದು ಅತ್ಯಲ್ಪ. ಅಭ್ಯಾಸದ ವೇಳಾಪಟ್ಟಿಯನ್ನು ರೂಪಿಸುವಾಗ ಈ ವ್ಯತ್ಯಾಸವೇ ಮುಖ್ಯವಾಗುತ್ತದೆ; ಅದನ್ನು ಮುಂದೆ ವಿವರಿಸಲಾಗಿದೆ.

ಸಂಕೋಚನ ನಡೆಯುವ ಬಗೆ

ಸಾರ್ಕೋಮಿಯರ್‌ನಲ್ಲಿ ಎರಡು ಬಗೆಯ ಪ್ರೋಟೀನ್ ಎಳೆಗಳಿವೆ: ದಪ್ಪನೆಯ ಮಯೋಸಿನ್ ಮತ್ತು ತೆಳುವಾದ ಆಕ್ಟಿನ್. ಮಾಂಸಖಂಡ ಕುಗ್ಗುವಾಗ ಈ ಎಳೆಗಳೇ ಕುಗ್ಗುತ್ತವೆಯೆಂದು ಬಹುಕಾಲ ಭಾವಿಸಲಾಗಿತ್ತು. 1954ರಲ್ಲಿ ಆಂಡ್ರ್ಯೂ ಹಕ್ಸ್‌ಲಿ ಮತ್ತು ರಾಲ್ಫ್ ನೀಡರ್‌ಗೆರ್ಕೆ ಒಂದೆಡೆ, ಹ್ಯೂ ಹಕ್ಸ್‌ಲಿ ಮತ್ತು ಜೀನ್ ಹ್ಯಾನ್ಸನ್ ಇನ್ನೊಂದೆಡೆ, ಬೇರೆಬೇರೆಯಾಗಿ ಸಂಶೋಧನೆ ನಡೆಸಿ ಒಂದೇ ತೀರ್ಮಾನಕ್ಕೆ ಬಂದರು. ಎಳೆಗಳ ಉದ್ದ ಬದಲಾಗುವುದಿಲ್ಲ. ಅವು ಒಂದರ ಪಕ್ಕದಲ್ಲಿ ಮತ್ತೊಂದು ಜಾರುತ್ತವೆ. ಮಯೋಸಿನ್‌ನ ಸಣ್ಣ ತಲೆಗಳು ಆಕ್ಟಿನ್ ಎಳೆಯನ್ನು ಹಿಡಿದು ಎಳೆದು, ಬಿಟ್ಟು, ಮತ್ತೆ ಮುಂದಕ್ಕೆ ಹಿಡಿಯುತ್ತವೆ. ಬಾವಿಯಿಂದ ನೀರು ಸೇದುವವರು ಹಗ್ಗವನ್ನು ಒಂದು ಕೈಯಿಂದ ಹಿಡಿದು ಎಳೆದು, ಮತ್ತೊಂದು ಕೈಯನ್ನು ಮುಂದಕ್ಕೆ ಚಾಚುವಂತೆಯೇ ಈ ಕ್ರಿಯೆ ನಡೆಯುತ್ತದೆ.

ಈ ಎಳೆತಕ್ಕೆ ನರದ ಸಂದೇಶ ಬೇಕು. ನರದ ತುದಿಯಿಂದ ಬಂದ ಸಂಕೇತ ತಂತುವಿನ ಮೇಲ್ಮೈಯಲ್ಲಿ ಹರಡಿದಾಗ ಒಳಗಿನ ಸಂಗ್ರಹದಿಂದ ಕ್ಯಾಲ್ಸಿಯಂ ಬಿಡುಗಡೆಯಾಗಿ, ಮುಚ್ಚಿದ್ದ ಹಿಡಿಕೆಗಳು ತೆರೆದುಕೊಳ್ಳುತ್ತವೆ. ಶಕ್ತಿಯನ್ನು ಒದಗಿಸುವುದು ಎಟಿಪಿ ಎಂಬ ರಾಸಾಯನಿಕ. ಎಳೆಯಲು ಮಾತ್ರವಲ್ಲ, ಹಿಡಿತವನ್ನು ಬಿಡಲೂ ಎಟಿಪಿ ಬೇಕು. ಮರಣಾನಂತರ ದೇಹ ಸೆಟೆದುಕೊಳ್ಳುವುದು ಅದು ಮುಗಿದುಹೋಗುವುದರಿಂದಲೇ.

ಬಳಕೆಯಾದ ಶಕ್ತಿಯಲ್ಲಿ ನಾಲ್ಕನೆಯ ಒಂದು ಭಾಗದಷ್ಟು ಮಾತ್ರ ಚಲನೆಯಾಗಿ ಮಾರ್ಪಟ್ಟು, ಉಳಿದದ್ದು ಶಾಖವಾಗುತ್ತದೆ. ಓಡುವವನ ದೇಹ ಒಂದು ಒಲೆಯೇ ಸರಿ. ಬೆವರು ಆರುವುದರ ಮೂಲಕ ಈ ಶಾಖ ಹೊರಹೋಗಬೇಕು. ತೇವ ತುಂಬಿದ ಗಾಳಿಯಲ್ಲಿ ಬೆವರು ಆರುವುದಿಲ್ಲ. ಕರಾವಳಿಯ ಬೆಳಗಿನಲ್ಲಿ ಓಡಿದವರಿಗೂ ಚಳಿಗಾಲದ ಬೆಂಗಳೂರಿನಲ್ಲಿ ಓಡಿದವರಿಗೂ ಅದೇ ದೂರ ಬೇರೆಬೇರೆಯಾಗಿ ಅನುಭವಕ್ಕೆ ಬರುವುದು ಇದರಿಂದಲೇ. ಬೇರೊಂದು ಜಿಲ್ಲೆಯ ಪರೀಕ್ಷಾ ಕೇಂದ್ರಕ್ಕೆ ಹೋಗಬೇಕಾದ ಅಭ್ಯರ್ಥಿಗಳು ಅಲ್ಲಿನ ಹವೆಯನ್ನು ಗಮನದಲ್ಲಿಟ್ಟುಕೊಳ್ಳುವುದು ಒಳಿತು. ಸೆಖೆಗೆ ದೇಹ ಒಗ್ಗಿಕೊಳ್ಳಲು ಹತ್ತರಿಂದ ಹದಿನಾಲ್ಕು ದಿನಗಳು ಬೇಕಾಗುತ್ತವೆ.

1600 ಮೀಟರ್ ಓಟದಲ್ಲಿ ಇಂಧನದ ಲೆಕ್ಕ

ಮಾಂಸಖಂಡದಲ್ಲಿ ಸಿದ್ಧವಾಗಿರುವ ಎಟಿಪಿ ಕೆಲವೇ ಸೆಕೆಂಡುಗಳಿಗೆ ಸಾಕಾಗುತ್ತದೆ. ಕ್ರಿಯೇಟಿನ್ ಫಾಸ್ಫೇಟ್ ಎಂಬ ಮೀಸಲು ಸುಮಾರು ಹತ್ತು ಸೆಕೆಂಡುಗಳವರೆಗೆ ನೆರವಾಗುತ್ತದೆ. ಗುಂಡು ಎಸೆತ ಮತ್ತು ಜಿಗಿತ ಇಷ್ಟರಲ್ಲಿಯೇ ಮುಗಿದುಹೋಗುತ್ತವೆ. ಅದಕ್ಕೂ ಮುಂದೆ, ಸಂಗ್ರಹವಾಗಿರುವ ಗ್ಲೈಕೋಜನ್ ಎಂಬ ಸಕ್ಕರೆಯನ್ನು ಆಮ್ಲಜನಕವಿಲ್ಲದೆ ಒಡೆಯುವ ವೇಗದ ಮಾರ್ಗ ಹಾಗೂ ಆಮ್ಲಜನಕದೊಂದಿಗೆ ಉರಿಸುವ ನಿಧಾನದ ಮಾರ್ಗಗಳಿವೆ. ಎರಡನೆಯದು ನಡೆಯುವುದು ಮೈಟೊಕಾಂಡ್ರಿಯ ಎಂಬ ಕೋಶಾಂಗಗಳಲ್ಲಿ. ಆರೂವರೆ ನಿಮಿಷಗಳ ಓಟದಲ್ಲಿ ಹೆಚ್ಚಿನ ಪಾಲು ಶಕ್ತಿ ಬರುವುದು ಈ ನಿಧಾನದ ಮಾರ್ಗದಿಂದಲೇ. ಆದ್ದರಿಂದ ಇದನ್ನು ವೇಗದ ಓಟವೆಂದು ತಿಳಿದು 100 ಮೀಟರ್ ಓಟಗಳನ್ನಷ್ಟೇ ಅಭ್ಯಾಸ ಮಾಡುವುದು ಸರಿಯಾದ ಕ್ರಮವಲ್ಲ.

400 ಮೀಟರ್ ಸುತ್ತಳತೆಯ ಮೈದಾನದಲ್ಲಿ ನಾಲ್ಕು ಸುತ್ತುಗಳನ್ನು 6 ನಿಮಿಷ 30 ಸೆಕೆಂಡುಗಳಲ್ಲಿ ಮುಗಿಸಲು ಪ್ರತಿ ಸುತ್ತಿಗೆ 97 ಸೆಕೆಂಡುಗಳಿಗಿಂತ ಸ್ವಲ್ಪ ಹೆಚ್ಚು ಕಾಲ ದೊರೆಯುತ್ತದೆ. ಗುಂಪಿನ ಹುಮ್ಮಸ್ಸಿನಲ್ಲಿ ಮೊದಲ ಸುತ್ತನ್ನು 75 ಸೆಕೆಂಡುಗಳಲ್ಲಿ ಓಡಿದವರು ವೇಗದ ಮಾರ್ಗದ ಇಂಧನವನ್ನು ಆರಂಭದಲ್ಲಿಯೇ ಬಳಸಿಬಿಡುತ್ತಾರೆ. ಸ್ನಾಯುವಿನೊಳಗೆ ಆಮ್ಲೀಯತೆ ಹೆಚ್ಚಿ, ಮೂರನೆಯ ಸುತ್ತಿನಲ್ಲಿ ಕಾಲುಗಳು ಕಬ್ಬಿಣದಂತೆ ಭಾರವಾಗುತ್ತವೆ. ಮೊದಲ ಸುತ್ತಿನಲ್ಲಿ ಉಳಿಸಿದ 20 ಸೆಕೆಂಡುಗಳನ್ನು ಕೊನೆಯ ಸುತ್ತಿನಲ್ಲಿ ಬಡ್ಡಿಸಮೇತ ಹಿಂದಿರುಗಿಸಬೇಕಾಗುತ್ತದೆ. ಗಡಿಯಾರ ಹಿಡಿದು 95 ಸೆಕೆಂಡುಗಳ ಸುತ್ತು ಹೇಗಿರುತ್ತದೆಂಬುದನ್ನು ಕಾಲಿಗೆ ಕಲಿಸುವುದು ಅಭ್ಯಾಸದ ಮುಖ್ಯ ಭಾಗವಾಗಿರಲಿ.

ಸ್ನಾಯುತಂತುಗಳಲ್ಲಿಯೂ ನಿಧಾನವಾಗಿ ಕುಗ್ಗಿ ದಣಿಯದಿರುವವು, ವೇಗವಾಗಿ ಕುಗ್ಗಿ ಬೇಗ ದಣಿಯುವವು ಎಂಬ ಬಗೆಗಳಿವೆ. ಇವುಗಳ ಪ್ರಮಾಣ ಹೆಚ್ಚಾಗಿ ಹುಟ್ಟಿನಿಂದ ಬಂದದ್ದು. ಆದರೆ ಅರ್ಹತಾ ಮಟ್ಟದ ಓಟಕ್ಕೆ ಹುಟ್ಟಿನ ಕೊಡುಗೆಗಿಂತ ಅಭ್ಯಾಸದ ಅವಧಿಯೇ ನಿರ್ಣಾಯಕ. ಆರೋಗ್ಯವಂತ ಯುವಕರ ಪೈಕಿ ಹೆಚ್ಚಿನವರು ಸಾಕಷ್ಟು ಕಾಲಾವಕಾಶವಿದ್ದಲ್ಲಿ ಈ ಮಟ್ಟವನ್ನು ತಲುಪಬಲ್ಲರು.

ಕಂಬ ಹತ್ತುವ ಪರೀಕ್ಷೆಯ ಸಮಸ್ಯೆ ಬೇರೆಯದು. ಇಲ್ಲಿ ಮುಂಗೈಯ ಮಾಂಸಖಂಡಗಳು ಉದ್ದ ಬದಲಾಗದೆ ಬಿಗಿಯಾಗಿಯೇ ಇರಬೇಕಾಗುತ್ತದೆ. ಬಿಗಿದ ಸ್ನಾಯು ತನ್ನೊಳಗಿನ ರಕ್ತನಾಳಗಳನ್ನು ತಾನೇ ಅಮುಕುವುದರಿಂದ ಆಮ್ಲಜನಕ ತಲುಪದೆ ಹಿಡಿತ ಬೇಗ ಸಡಿಲಗೊಳ್ಳುತ್ತದೆ. ಹಗ್ಗಕ್ಕೆ ಅಥವಾ ಅಡ್ಡಪಟ್ಟಿಗೆ ಜೋತುಬಿದ್ದು ಹಿಡಿತದ ಅವಧಿಯನ್ನು ಕ್ರಮೇಣ ಹೆಚ್ಚಿಸಿಕೊಳ್ಳಬಹುದು. ಯಾವುದೇ ಕಾರಣಕ್ಕೂ ರಸ್ತೆಬದಿಯ ವಿದ್ಯುತ್ ಕಂಬಗಳ ಮೇಲೆ ಅಭ್ಯಾಸ ಮಾಡತಕ್ಕದ್ದಲ್ಲ.

ಹೊಂದಾಣಿಕೆಗೆ ಬೇಕಾಗುವ ಕಾಲ

ಅಭ್ಯಾಸದ ಪರಿಣಾಮವಾಗಿ ದೇಹದ ಎಲ್ಲ ಭಾಗಗಳೂ ಬದಲಾಗುತ್ತವೆ, ಆದರೆ ಒಂದೇ ವೇಗದಲ್ಲಿ ಅಲ್ಲ.

ಮೊದಲು ಬದಲಾಗುವುದು ನರಮಂಡಲ. ಬೆನ್ನುಹುರಿಯ ಒಂದು ನರಕೋಶ ಹಲವು ಸ್ನಾಯುತಂತುಗಳನ್ನು ಒಟ್ಟಿಗೆ ನಿಯಂತ್ರಿಸುತ್ತದೆ. ಕಣ್ಣನ್ನು ತಿರುಗಿಸುವ ಸ್ನಾಯುವಿನಲ್ಲಿ ಒಂದು ನರಕೋಶಕ್ಕೆ ಸುಮಾರು ಹತ್ತು ತಂತುಗಳಿದ್ದರೆ, ಮೀನಖಂಡದಲ್ಲಿ ಸಾವಿರಕ್ಕೂ ಹೆಚ್ಚಿರುತ್ತವೆ. ಹಗುರ ಕೆಲಸಕ್ಕೆ ಸಣ್ಣ ಘಟಕಗಳು ಮೊದಲು ಕರೆಯಲ್ಪಡುತ್ತವೆ. ಭಾರ ಹೆಚ್ಚಿದಂತೆ ದೊಡ್ಡವು ಸೇರಿಕೊಳ್ಳುತ್ತವೆ. ಅಭ್ಯಾಸವಿಲ್ಲದ ವ್ಯಕ್ತಿಗೆ ತನ್ನಲ್ಲಿರುವ ಎಲ್ಲ ಘಟಕಗಳನ್ನೂ ಒಂದೇ ಕ್ಷಣದಲ್ಲಿ ಕರೆಯಲು ಬಾರದು. 7.26 ಕಿಲೋಗ್ರಾಂ ಗುಂಡನ್ನು ಎರಡು ಮೂರು ವಾರ ಎಸೆದವರ ಎಸೆತ ಗಣನೀಯವಾಗಿ ಸುಧಾರಿಸಿದರೂ ತೋಳಿನ ಸುತ್ತಳತೆ ಬದಲಾಗಿರುವುದಿಲ್ಲ. ಬಲ ಹೆಚ್ಚಿರುವುದು ನರಗಳ ಕಲಿಕೆಯಿಂದ. ಇದನ್ನು ಕಂಡು ನಿರಾಶರಾಗಬೇಕಾದುದಿಲ್ಲ, ಹಿಗ್ಗಿ ಭಾರವನ್ನು ಒಮ್ಮೆಲೇ ಹೆಚ್ಚಿಸಲೂಬಾರದು.

ಆನಂತರದ ಬದಲಾವಣೆ ಮಾಂಸಖಂಡದೊಳಗೆ ನಡೆಯುತ್ತದೆ. ಕ್ರಮಬದ್ಧ ಓಟದಿಂದ ಮೈಟೊಕಾಂಡ್ರಿಯಗಳು ಹೆಚ್ಚುತ್ತವೆ. ಜಾನ್ ಹಾಲೊಸಿ 1967ರಲ್ಲಿ ಇಲಿಗಳನ್ನು ಹಲವು ವಾರ ಓಡಿಸಿ, ಅವುಗಳ ಸ್ನಾಯುವಿನಲ್ಲಿ ಆಮ್ಲಜನಕ ಬಳಸುವ ಸಾಮರ್ಥ್ಯ ಸುಮಾರು ಇಮ್ಮಡಿಯಾದುದನ್ನು ತೋರಿಸಿದರು. ಮನುಷ್ಯರಲ್ಲಿಯೂ ಈ ಬದಲಾವಣೆ ಆರರಿಂದ ಎಂಟು ವಾರಗಳಲ್ಲಿ ಸ್ಪಷ್ಟವಾಗುತ್ತದೆ; ತಂತುಗಳ ಸುತ್ತಲಿನ ಸೂಕ್ಷ್ಮ ರಕ್ತನಾಳಗಳೂ ಹೆಚ್ಚುತ್ತವೆ. ಭಾರ ಎತ್ತುವ ವ್ಯಾಯಾಮದಲ್ಲಿ ತಂತುಗಳೊಳಗೆ ಹೊಸ ಪ್ರೋಟೀನ್ ಸೇರಿ ಅವು ದಪ್ಪಗಾಗುತ್ತವೆ. ಹೊಸ ತಂತುಗಳು ಹುಟ್ಟುವುದು ತೀರ ಅಪರೂಪ. ಇರುವ ತಂತುಗಳೇ ಬಲಿಯುತ್ತವೆ. ಕಣ್ಣಿಗೆ ಕಾಣುವಷ್ಟು ದಪ್ಪವಾಗಲು ಎರಡು ತಿಂಗಳುಗಳಾದರೂ ಬೇಕು. ಈ ಕಟ್ಟಡದ ಕೆಲಸ ಓಡುವಾಗಲ್ಲ, ವಿಶ್ರಾಂತಿಯ ವೇಳೆಯಲ್ಲಿ, ವಿಶೇಷವಾಗಿ ನಿದ್ರೆಯನ್ನೂ ಒಳಗೊಂಡ ಮುಂದಿನ ಒಂದೆರಡು ದಿನಗಳಲ್ಲಿ ನಡೆಯುತ್ತದೆ. ದಿನವೂ ಎರಡು ಹೊತ್ತು ಓಡಿ, ರಾತ್ರಿ ಒಂದು ಗಂಟೆಯವರೆಗೆ ಓದುವ ಅಭ್ಯರ್ಥಿಯ ದೇಹಕ್ಕೆ ಕಟ್ಟಿಕೊಳ್ಳುವ ಅವಕಾಶವೇ ದೊರೆಯುವುದಿಲ್ಲ.

ಕಟ್ಟಕಡೆಗೆ ಬದಲಾಗುವವು ರಜ್ಜು ಮತ್ತು ಎಲುಬು. ರಕ್ತಪೂರೈಕೆ ಕಡಿಮೆಯಿರುವ ರಜ್ಜು ಗಟ್ಟಿಗೊಳ್ಳಲು ಹಲವು ತಿಂಗಳುಗಳು ಬೇಕು. ಎಲುಬು ಹೊಸ ಹೊರೆಗೆ ಹೊಂದಿಕೊಳ್ಳುವಾಗ ಮೊದಲು ಹಳೆಯ ಭಾಗವನ್ನು ಕರಗಿಸಿ, ಆನಂತರ ಹೊಸದನ್ನು ಕಟ್ಟುತ್ತದೆ. ಒಂದು ಸುತ್ತಿಗೆ ಮೂರರಿಂದ ನಾಲ್ಕು ತಿಂಗಳುಗಳಾಗುತ್ತವೆ. ನಡುವಿನ ಅವಧಿಯಲ್ಲಿ ಅದು ಮೊದಲಿಗಿಂತಲೂ ದುರ್ಬಲವಾಗಿರುವ ಸಾಧ್ಯತೆಯುಂಟು. ಅಪಾಯವಿರುವುದು ಇಲ್ಲಿಯೇ. ಒಂದು ತಿಂಗಳಾದ ಮೇಲೆ ಉಸಿರು ಹಿಡಿತಕ್ಕೆ ಬಂದು, ಮಾಂಸಖಂಡ ಬಲವಾಗಿ, ಅಭ್ಯರ್ಥಿಯು ತಾನು ಸಿದ್ಧನಾದೆನೆಂದು ತಿಳಿದು ದೂರವನ್ನು ಇಮ್ಮಡಿಗೊಳಿಸುತ್ತಾನೆ. ಮೊಣಕಾಲಿನ ಕೆಳಗಿನ ಮುಂಭಾಗದ ಎಲುಬು ಮಾತ್ರ ಅದಕ್ಕೆ ಇನ್ನೂ ಸಿದ್ಧವಾಗಿರುವುದಿಲ್ಲ. ಆ ಎಲುಬಿನಲ್ಲಿ ಕೂದಲೆಳೆಯಂತಹ ಬಿರುಕು ಬಿಡುವುದು ಸೇನೆ ಮತ್ತು ಪೊಲೀಸ್ ತರಬೇತಿ ಪಡೆಯುವ ಹೊಸಬರಲ್ಲಿ ಸರ್ವೇಸಾಮಾನ್ಯ. ಎಲುಬಿನ ಒಂದೇ ಜಾಗದಲ್ಲಿ ಬೆರಳಿಟ್ಟು ತೋರಿಸುವಂತಹ ನೋವು ದಿನದಿಂದ ದಿನಕ್ಕೆ ಹೆಚ್ಚಾದಲ್ಲಿ ಓಟವನ್ನು ನಿಲ್ಲಿಸಿ ಸರ್ಕಾರಿ ಆಸ್ಪತ್ರೆಯ ಮೂಳೆ ತಜ್ಞರನ್ನು ಕಾಣತಕ್ಕದ್ದು. ಓಡಿದರೆ ಸರಿಹೋಗುತ್ತದೆಂಬ ಗೆಳೆಯರ ಸಲಹೆ ಇಲ್ಲಿ ಸಲ್ಲದು.

ಮೇಲಿನ ಕಾರಣಗಳಿಂದಾಗಿ, ಅರ್ಜಿ ಸಲ್ಲಿಸಿದ ವಾರದಿಂದಲೇ ವಾರಕ್ಕೆ ಮೂರು ನಾಲ್ಕು ದಿನ ಬಿರುಸಿನ ನಡಿಗೆ ಹಾಗೂ ನಿಧಾನದ ಓಟವನ್ನು ಆರಂಭಿಸಿ, ದೂರವನ್ನು ಸ್ವಲ್ಪಸ್ವಲ್ಪವೇ ಹೆಚ್ಚಿಸಿಕೊಂಡು, ಎರಡು ತಿಂಗಳ ನಂತರವಷ್ಟೇ ವಾರಕ್ಕೆ ಒಂದೆರಡು ಬಾರಿ ಗಡಿಯಾರ ನೋಡಿ ವೇಗದ ಅಭ್ಯಾಸ ಮಾಡುವುದು ಸೂಕ್ತ. ಲಿಖಿತ ಪರೀಕ್ಷೆಯ ಫಲಿತಾಂಶಕ್ಕಾಗಿ ಕಾಯುವ ತಿಂಗಳುಗಳು ದೇಹಕ್ಕೆ ದೊರೆಯುವ ಅಮೂಲ್ಯ ಕಾಲ. ಒಮ್ಮೆ ಗಳಿಸಿದ್ದು ಶಾಶ್ವತವೂ ಅಲ್ಲ: ಎರಡು ಮೂರು ವಾರ ಪೂರ್ತಿ ನಿಲ್ಲಿಸಿದರೆ ಓಟದ ಸಾಮರ್ಥ್ಯ ಕುಗ್ಗಲಾರಂಭಿಸುತ್ತದೆ. ಆದರೆ ಹಿಂದೆ ಬಲಿತಿದ್ದ ಮಾಂಸಖಂಡ ಎರಡನೆಯ ಬಾರಿ ಬೇಗನೆ ಚೇತರಿಸಿಕೊಳ್ಳುತ್ತದೆ. ಹಿಂದಿನ ನೇಮಕಾತಿಯಲ್ಲಿ ವಿಫಲರಾದವರಿಗೆ ಇದು ಅನುಕೂಲಕರ ಸಂಗತಿ.

ಮೈಕೈ ನೋವು ಮತ್ತು ಅಪಾಯದ ಲಕ್ಷಣಗಳು

ಹೊಸ ವ್ಯಾಯಾಮದ ಮರುದಿನ ಅಥವಾ ಮೂರನೆಯ ದಿನ ಮಾಂಸಖಂಡ ನೋಯುವುದು ಸಹಜ. ಲ್ಯಾಕ್ಟಿಕ್ ಆಮ್ಲ ಉಳಿದುಕೊಳ್ಳುವುದೇ ಇದಕ್ಕೆ ಕಾರಣವೆಂಬ ನಂಬಿಕೆ ವ್ಯಾಪಕವಾಗಿದ್ದರೂ ಅದು ಸರಿಯಲ್ಲ. ಓಟ ಮುಗಿದ ಒಂದೆರಡು ಗಂಟೆಗಳಲ್ಲಿ ಅದು ಬಳಕೆಯಾಗಿಹೋಗಿರುತ್ತದೆ. ನೋವಿಗೆ ಕಾರಣ ತಂತುಗಳಲ್ಲಾದ ಅತಿ ಸೂಕ್ಷ್ಮ ಗಾಸಿ ಮತ್ತು ಅದನ್ನು ದುರಸ್ತಿಗೊಳಿಸುವ ಉರಿಯೂತ. ಬಿಗಿದಿರುವಾಗಲೇ ಸ್ನಾಯು ಉದ್ದಗೊಳ್ಳಬೇಕಾದ ಕೆಲಸಗಳಲ್ಲಿ, ಅಂದರೆ ಬೆಟ್ಟ ಇಳಿಯುವಾಗ, ಜಿಗಿದು ನೆಲಕ್ಕೆ ಬೀಳುವಾಗ, ಬಸ್ಕಿ ಹೊಡೆಯುವಾಗ ಇದು ಹೆಚ್ಚು. ಅದೇ ಕೆಲಸವನ್ನು ಒಂದೆರಡು ವಾರಗಳ ನಂತರ ಮಾಡಿದಾಗ ನೋವು ಬಹಳ ಕಡಿಮೆಯಿರುತ್ತದೆ.

ಅಭ್ಯಾಸವಿಲ್ಲದವರು ಒಂದೇ ದಿನ ನೂರಾರು ಬಸ್ಕಿ ಹೊಡೆದಾಗ ಅಥವಾ ಬಿಸಿಲಿನಲ್ಲಿ ಮಿತಿಮೀರಿ ಓಡಿದಾಗ ಸ್ನಾಯುತಂತುಗಳು ದೊಡ್ಡ ಪ್ರಮಾಣದಲ್ಲಿ ಒಡೆದು, ಅವುಗಳೊಳಗಿನ ಮಯೋಗ್ಲೋಬಿನ್ ಎಂಬ ಕೆಂಪು ಪ್ರೋಟೀನ್ ರಕ್ತಕ್ಕೆ ಸೇರಿ ಮೂತ್ರಪಿಂಡಗಳನ್ನು ಘಾಸಿಗೊಳಿಸಬಹುದು. ಮೂತ್ರ ಕಾಫಿ ಡಿಕಾಕ್ಷನ್ ಬಣ್ಣಕ್ಕೆ ತಿರುಗುವುದು, ಮಾಂಸಖಂಡಗಳು ಊದಿಕೊಂಡು ಮಡಚಲಾಗದಷ್ಟು ನೋಯುವುದು ಇದರ ಲಕ್ಷಣಗಳು. ಇದು ಮನೆಮದ್ದಿನಿಂದ ಗುಣವಾಗುವಂತಹದಲ್ಲ. ಅದೇ ದಿನ ಆಸ್ಪತ್ರೆಗೆ ಹೋಗತಕ್ಕದ್ದು. ಓಡುವಾಗ ಮಾತು ತೊದಲುವುದು, ದಿಕ್ಕು ತಪ್ಪುವುದು, ಎದೆನೋವು ಅಥವಾ ಪ್ರಜ್ಞೆ ತಪ್ಪುವುದು ಕಂಡುಬಂದಲ್ಲಿ ಕೂಡಲೇ ಓಟ ನಿಲ್ಲಿಸಿ, ನೆರಳಿಗೆ ಕರೆತಂದು, ಮೈಗೆ ತಣ್ಣೀರು ಹಾಕಿ, 108 ಆಂಬುಲೆನ್ಸ್‌ಗೆ ಕರೆ ಮಾಡುವುದು.

ಸಿಕಲ್ ಸೆಲ್ ಗುಣವನ್ನು ಹೊತ್ತವರು ನಿತ್ಯಜೀವನದಲ್ಲಿ ಪೂರ್ಣ ಆರೋಗ್ಯವಂತರಾಗಿಯೇ ಇರುತ್ತಾರೆ. ಆದರೆ ತೀವ್ರ ಶ್ರಮದ ವೇಳೆ ಅವರಲ್ಲಿ ಮೇಲಿನ ತೊಂದರೆಯ ಸಂಭವ ಹೆಚ್ಚು. 2023ರಲ್ಲಿ ಆರಂಭವಾದ ರಾಷ್ಟ್ರೀಯ ಸಿಕಲ್ ಸೆಲ್ ರಕ್ತಹೀನತೆ ನಿರ್ಮೂಲನಾ ಅಭಿಯಾನದ ರಾಜ್ಯಗಳಲ್ಲಿ ಕರ್ನಾಟಕವೂ ಸೇರಿದೆ. ತಪಾಸಣೆಯಲ್ಲಿ ಈ ಗುಣ ಕಂಡುಬಂದಿರುವ ಬುಡಕಟ್ಟು ಸಮುದಾಯಗಳ ಅಭ್ಯರ್ಥಿಗಳು ವೈದ್ಯರ ಸಲಹೆ ಪಡೆದು, ಹೆಚ್ಚು ನೀರು ಕುಡಿದು, ನಿಧಾನವಾಗಿ ಅಭ್ಯಾಸವನ್ನು ಹೆಚ್ಚಿಸಿಕೊಳ್ಳಬೇಕು.

ಆಹಾರ, ರಕ್ತಹೀನತೆ ಮತ್ತು ಔಷಧಗಳು

ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ 2020ರ ಶಿಫಾರಸಿನಂತೆ ವಯಸ್ಕರಿಗೆ ದೇಹತೂಕದ ಪ್ರತಿ ಕಿಲೋಗ್ರಾಂಗೆ ದಿನವೊಂದಕ್ಕೆ 0.83 ಗ್ರಾಂ ಪ್ರೋಟೀನ್ ಬೇಕು. ಕಠಿಣ ಅಭ್ಯಾಸದಲ್ಲಿರುವವರಿಗೆ ಇದಕ್ಕಿಂತ ಹೆಚ್ಚು ಬೇಕಾಗುತ್ತದೆ. ಇದಕ್ಕಾಗಿ ಡಬ್ಬಿಯ ಪುಡಿಗಳನ್ನು ಸಾಲ ಮಾಡಿ ಕೊಳ್ಳಬೇಕಾದುದಿಲ್ಲ. ನೂರು ಗ್ರಾಂ ಹುರುಳಿಕಾಳಿನಲ್ಲಿ ಇಪ್ಪತ್ತು ಗ್ರಾಂಗೂ ಹೆಚ್ಚು ಪ್ರೋಟೀನ್ ಇದೆ. ಒಂದು ಮೊಟ್ಟೆಯಲ್ಲಿ ಸುಮಾರು ಆರು ಗ್ರಾಂ. ಮುದ್ದೆ ಅಥವಾ ಅನ್ನದೊಂದಿಗೆ ಗಟ್ಟಿಯಾದ ಕಾಳಿನ ಸಾರು, ಮೊಳಕೆಕಾಳು, ಹಾಲು, ಮೊಸರು, ಕಡಲೆಕಾಯಿ ಇವನ್ನು ಮೂರು ಹೊತ್ತಿಗೂ ಹಂಚಿಕೊಂಡು ಸೇವಿಸಿದರೆ ಸಾಕು.

ಪ್ರೋಟೀನಿನಷ್ಟೇ, ಬಹುಶಃ ಅದಕ್ಕಿಂತಲೂ ಹೆಚ್ಚು ಗಮನ ಬೇಡುವುದು ಕಬ್ಬಿಣದ ಅಂಶ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ರಾಜ್ಯದ 15ರಿಂದ 49 ವರ್ಷ ವಯಸ್ಸಿನ ಮಹಿಳೆಯರಲ್ಲಿ ಅರ್ಧದಷ್ಟು ಮಂದಿಗೆ ರಕ್ತಹೀನತೆಯಿದೆ. ಮೈಟೊಕಾಂಡ್ರಿಯಗಳು ಎಷ್ಟಿದ್ದರೇನು, ಆಮ್ಲಜನಕವನ್ನು ಹೊತ್ತುತರುವ ಹಿಮೋಗ್ಲೋಬಿನ್ ಇಲ್ಲದಿದ್ದರೆ ಮಾಂಸಖಂಡ ದಣಿಯಲೇಬೇಕು. ಎಷ್ಟು ಅಭ್ಯಾಸ ಮಾಡಿದರೂ 400 ಮೀಟರ್ ಓಟದ ಸಮಯ ಸುಧಾರಿಸುತ್ತಿಲ್ಲವೆಂದು ಕೊರಗುವ ಮಹಿಳಾ ಅಭ್ಯರ್ಥಿಗಳು ತಮ್ಮನ್ನು ತಾವು ದೂಷಿಸಿಕೊಳ್ಳುವ ಮೊದಲು ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಹಿಮೋಗ್ಲೋಬಿನ್ ಪರೀಕ್ಷೆ ಮಾಡಿಸಿಕೊಳ್ಳಬೇಕು. ಡೆಸಿಲೀಟರ್‌ಗೆ 12 ಗ್ರಾಂಗಿಂತ ಕಡಿಮೆಯಿದ್ದಲ್ಲಿ ವೈದ್ಯರ ಸಲಹೆಯಂತೆ ಕಬ್ಬಿಣಾಂಶದ ಮಾತ್ರೆಗಳನ್ನು ತೆಗೆದುಕೊಳ್ಳತಕ್ಕದ್ದು. ಚೇತರಿಕೆಗೆ ವಾರಗಳು, ಕೆಲವರಲ್ಲಿ ತಿಂಗಳುಗಳು ಬೇಕಾಗುವುದರಿಂದ ಇದನ್ನೂ ಅರ್ಜಿಯ ಹಂತದಲ್ಲಿಯೇ ಮಾಡಿಸುವುದು ಲೇಸು.

ಕೆಲವೆಡೆ ಅಭ್ಯರ್ಥಿಗಳು ಬೇಗ ಮೈಕಟ್ಟು ಬರಲೆಂದು ಸ್ಟಿರಾಯ್ಡ್ ಚುಚ್ಚುಮದ್ದುಗಳ ಮೊರೆಹೋಗುವುದುಂಟು. ಇವು ಮಾಂಸಖಂಡವನ್ನು ಬೇಗ ಉಬ್ಬಿಸುತ್ತವೆ. ರಜ್ಜು ಮಾತ್ರ ಹಿಂದುಳಿದು ಹರಿಯುವ ಸಂಭವ ಹೆಚ್ಚುತ್ತದೆ. ದೇಹದ ಸ್ವಂತ ಹಾರ್ಮೋನು ಉತ್ಪಾದನೆ ಕುಂಠಿತಗೊಂಡು, ಹೃದಯ ಮತ್ತು ಯಕೃತ್ತಿಗೆ ಹಾನಿಯಾಗುತ್ತದೆ. ಪರೀಕ್ಷೆಯ ಬೆಳಗ್ಗೆ ನೋವುನಿವಾರಕ ಮಾತ್ರೆ ನುಂಗಿ ಓಡುವುದೂ ಅಪಾಯಕರ. ಬೆವರಿ ನೀರಿನಂಶ ಕಡಿಮೆಯಾದ ದೇಹದಲ್ಲಿ ಅವು ಮೂತ್ರಪಿಂಡಗಳಿಗೆ ತೊಂದರೆಯುಂಟುಮಾಡಬಲ್ಲವು.

ಪರೀಕ್ಷೆಯ ವಾರ

ಕೊನೆಯ ವಾರದಲ್ಲಿ ಮಾಡುವ ಕಠಿಣ ಅಭ್ಯಾಸದಿಂದ ದಣಿವು ಹೆಚ್ಚುತ್ತದೆಯೇ ಹೊರತು ಸಾಮರ್ಥ್ಯವಲ್ಲ. ಆದ್ದರಿಂದ ಓಟದ ದೂರವನ್ನು ಅರ್ಧಕ್ಕೆ ಇಳಿಸಿ, ಚುರುಕನ್ನು ಮಾತ್ರ ಉಳಿಸಿಕೊಳ್ಳಬೇಕು. ದೂರದ ಊರುಗಳಿಂದ ರಾತ್ರಿ ಬಸ್ಸಿನಲ್ಲಿ ಕುಳಿತು ಬಂದು ನೇರವಾಗಿ ಮೈದಾನಕ್ಕೆ ಇಳಿಯುವ ಬದಲು, ಸಾಧ್ಯವಿದ್ದವರು ಹಿಂದಿನ ದಿನವೇ ಪರೀಕ್ಷಾ ಸ್ಥಳವನ್ನು ತಲುಪುವುದು ಸೂಕ್ತ. ಓಟಕ್ಕೆ ಎರಡು ಮೂರು ಗಂಟೆಗಳ ಮೊದಲು ಇಡ್ಲಿ, ಬಾಳೆಹಣ್ಣಿನಂತಹ ಹಗುರವಾದ ಆಹಾರ ಸೇವಿಸಿ, ನೀರನ್ನು ಸ್ವಲ್ಪಸ್ವಲ್ಪವಾಗಿ ಕುಡಿಯಬೇಕು. ತಮ್ಮ ತಂಡದ ಸರದಿ ಬರುವವರೆಗೆ ನೆರಳಿನಲ್ಲಿದ್ದು, ಕರೆ ಬರುವ ಹತ್ತು ಹದಿನೈದು ನಿಮಿಷಗಳ ಮುಂಚೆ ನಿಧಾನದ ಓಟದಿಂದ ಮೈ ಬಿಸಿಮಾಡಿಕೊಳ್ಳಬೇಕು. ಹೊಸ ಬೂಟುಗಳನ್ನು ಅಂದೇ ಮೊದಲ ಬಾರಿಗೆ ಧರಿಸಬಾರದು. ಜ್ವರ, ಭೇದಿ ಅಥವಾ ಗರ್ಭಧಾರಣೆಯಿದ್ದಲ್ಲಿ ಓಟದ ಸಾಲಿನಲ್ಲಿ ನಿಲ್ಲುವ ಮೊದಲೇ ಸ್ಥಳದಲ್ಲಿರುವ ವೈದ್ಯಾಧಿಕಾರಿಗಳಿಗೆ ತಿಳಿಸತಕ್ಕದ್ದು.